ಅವ್ವನ ಆರನೇ ಒಂದು ಪಾಲು

ಅವ್ವನನ್ನು ಭಾಗ ಮಾಡಿದ್ದು ಕಟ್ಟೆಮಳಲವಾಡಿಯ ನಮ್ಮ ಮನೆಯ ಜಗಲಿಯ ಮೇಲೆ, ಅಪ್ಪನ ತಿಥಿ ಮುಗಿದ ಮಾರನೆಯ ದಿನ. ಜಮೀನಿನ ಭಾಗ ಬೆಳಿಗ್ಗೆಯೇ ಆಗಿಹೋಗಿತ್ತು. ಗದ್ದೆ, ಹೊಲ, ಎರಡು ಜೊತೆ ಎತ್ತು, ಹಿತ್ತಲಿನ ತೆಂಗು ಎಲ್ಲವನ್ನೂ ದೊಡ್ಡಣ್ಣನಿಗೆ ಅರ್ಧ, ಚಿಕ್ಕಣ್ಣನಿಗೆ ಅರ್ಧ ಎಂದು ಊರಿನ ನಾಲ್ಕು ಜನ ಹಿರಿಯರು ಸಲೀಸಾಗಿ ಹಂಚಿಬಿಟ್ಟಿದ್ದರು. ನಾನು ಹೆಣ್ಣುಮಗಳು. ಆ ಕಾಲದಲ್ಲಿ ಆ ಲೆಕ್ಕದೊಳಗೆ ನಾನು ಬರುತ್ತಿರಲಿಲ್ಲ, ಬರಬೇಕೆಂದು ನನಗೂ ಹೊಳೆದಿರಲಿಲ್ಲ. ಊಟವಾಗಿ ಎಲ್ಲರೂ ಎಲೆಯಡಿಕೆ ತಟ್ಟೆಯ ಸುತ್ತ ಕೂತಾಗ ಹಿರಿಯರೊಬ್ಬರು, "ಇನ್ನು ನಿಮ್ಮವ್ವುನ್ ಇಚಾರ ಏನ್ರಪ್ಪಾ?" ಎಂದರು.

ಅವ್ವ ಒಳಗೆ ಮೊರದಲ್ಲಿ ರಾಗಿ ಕೇರುತ್ತಿದ್ದಳು. ಮಾತು ಕೇಳಿಸಿರಬೇಕು, ಮೊರದ ಸದ್ದು ಒಂದು ಗಳಿಗೆ ನಿಂತು ಮತ್ತೆ ಶುರುವಾಯಿತು.

ದೊಡ್ಡಣ್ಣ ತಡಮಾಡಲಿಲ್ಲ. "ಗಂಡುಮಕ್ಳು ನಾವಿಬ್ರು. ವರ್ಸುದಲ್ಲಿ ಅರ್ದ ನಮ್ಮನೇಲಿರ್ಲಿ" ಎಂದ. ಅವನು ಊರಿನಲ್ಲೇ ಉಳಿದು ಬೇಸಾಯ ಮಾಡುವವನು, ಮನೆ ತುಂಬ ಮಕ್ಕಳು, ಕೊಟ್ಟಿಗೆ ತುಂಬ ದನ. ಅವ್ವನಂಥ ಆಳು ಅವನಿಗೆ ಬೇಕಿತ್ತು, ಅವ್ವನೂ ಬೇಕಿತ್ತು. ಚಿಕ್ಕಣ್ಣ ಕೆ.ಆರ್. ನಗರದಲ್ಲಿ ಅಕ್ಕಿ ಗಿರಣಿಯ ಕೆಲಸದಲ್ಲಿದ್ದ. ಒಂದೇ ಕೋಣೆಯ ಮನೆ, ಬಾಯಿ ಜೋರಿನ ಹೆಂಡತಿ. ಅವನು ತುಸು ಯೋಚಿಸಿ, "ಅವ್ವುಂಗೆ ನಾವು ಮೂರ್ ಜನ ಮಕ್ಳು. ಮೂರ್ರಲ್ಲಿ ಒಂದ್ ಪಾಲು ನಾನ್ ನೋಡ್ಕತೀನಿ" ಎಂದ. ಬೆಳಿಗ್ಗೆ ಜಮೀನಿಗೆ ಇಬ್ಬರಾಗಿದ್ದ ಮಕ್ಕಳು ಮಧ್ಯಾಹ್ನ ಅವ್ವನಿಗೆ ಮೂವರಾದರು. ನನ್ನನ್ನು ಪ್ರೀತಿಯಿಂದ ಎಣಿಸಿದನೋ, ಒಂದೇ ಕೋಣೆಯ ಕಷ್ಟಕ್ಕೆ ಎಣಿಸಿದನೋ, ಇವತ್ತಿಗೂ ನಾನು ಕೇಳಿಲ್ಲ.

"ಉಳುದ್ದು ಎಣ್ಮಗಳ ತಾವ ಇರ್ಲಿ ಬುಡಿ" ಎಂದು ಹಿರಿಯರು ಟವೆಲು ಕೊಡವಿಕೊಂಡು ಏಳತೊಡಗಿದರು. ಉಳಿದದ್ದು ಎಷ್ಟು ಎಂದು ಯಾರೂ ಕೇಳಲಿಲ್ಲ. ಗೌರಿ ಹಬ್ಬಕ್ಕೆ ಮಗಳ ಮನೆಗೆ ಹೋಗಿ ನಾಲ್ಕು ದಿನ ಇದ್ದು ಬಂದಂತೆ ಏನೋ ಒಂದಿಷ್ಟು ಎಂದು ಎಲ್ಲರ ಮನಸ್ಸಿನಲ್ಲಿ ಇದ್ದಿರಬೇಕು. ನಾನು ಬಾಗಿಲ ಹಿಂದಿನಿಂದಲೇ, "ಎರಡು ತಿಂಗ್ಳು" ಎಂದೆ.

ದೊಡ್ಡಣ್ಣ ತಿರುಗಿ ನೋಡಿದ. "ಅರ್ದ ಓಯ್ತು, ಮೂರ್ನೇ ಪಾಲು ಓಯ್ತು, ಇನ್ನೇನ್ ಮಗ ಉಳ್ಯೋದು?"

ನಾನು ಹೊರಗೆ ಬಂದು ತಟ್ಟೆಯಿಂದ ಹನ್ನೆರಡು ಅಡಿಕೆ ಹೋಳು ಎಣಿಸಿ ಜಗಲಿಯ ಮೇಲೆ ಸಾಲಾಗಿಟ್ಟೆ. ವರ್ಷಕ್ಕೆ ಹನ್ನೆರಡು ತಿಂಗಳು. ಅರ್ಧ ಎಂದರೆ ಆರು, ದೊಡ್ಡಣ್ಣನ ಮುಂದಕ್ಕೆ ತಳ್ಳಿದೆ. ಮೂರನೇ ಒಂದು ಎಂದರೆ ನಾಲ್ಕು, ಚಿಕ್ಕಣ್ಣನ ಮುಂದಕ್ಕೆ. ಎರಡು ಉಳಿದವು. ಹಿರಿಯರೊಬ್ಬರು ಮೈಮರೆತು ಆ ಎರಡರಲ್ಲಿ ಒಂದನ್ನು ಎತ್ತಿ ಬಾಯಿಗೆ ಹಾಕಿಕೊಂಡರು. ಎಲ್ಲರೂ ನಕ್ಕರು, ನಾನೂ ನಕ್ಕೆ. ಆದರೆ ಇನ್ನೊಂದನ್ನು ಮಾತ್ರ ಗಬಕ್ಕನೆ ಎತ್ತಿ ಮುಷ್ಟಿಯಲ್ಲಿ ಹಿಡಿದುಕೊಂಡೆ.

ಯಾವ ತಿಂಗಳು ಯಾರಿಗೆ ಎಂಬುದೂ ಅಲ್ಲೇ ತೀರ್ಮಾನವಾಯಿತು. ಭಾದ್ರಪದದಿಂದ ಮಾಘದವರೆಗೆ ಕುಯ್ಲು, ಕಣ, ಒಕ್ಕಣೆ, ಅದು ದೊಡ್ಡಣ್ಣನದು. ಫಾಲ್ಗುಣದಿಂದ ಜ್ಯೇಷ್ಠದವರೆಗೆ, ಯುಗಾದಿಯೂ ಬೇಸಿಗೆ ರಜೆಯೂ ಸೇರಿ, ಚಿಕ್ಕಣ್ಣನದು. ಇಬ್ಬರೂ ಬೇಡವೆಂದು ಬಿಟ್ಟ ಜಡಿಮಳೆಯ ಆಷಾಢ, ಶ್ರಾವಣ ನನ್ನದು. ಅಮಾವಾಸ್ಯೆ ಕಳೆದ ಮಾರನೆಯ ದಿನ ಅವ್ವ ಒಂದು ಮನೆಯಿಂದ ಇನ್ನೊಂದು ಮನೆಗೆ ಹೋಗಬೇಕು ಎಂದು ಗೊತ್ತು ಮಾಡಿದರು.

ಆ ಮನೆಗಳಲ್ಲಿ ನನ್ನದೂ ಒಂದು, ಆದರೆ ಅದನ್ನು ಮನೆ ಎನ್ನುವುದು ದೊಡ್ಡ ಮಾತು. ಹದಿನೆಂಟಕ್ಕೆ ಮದುವೆಯಾಗಿ ಇಪ್ಪತ್ತಕ್ಕೆ ಗಂಡನನ್ನು ಕಳೆದುಕೊಂಡವಳು ನಾನು. ಎಸ್ಸೆಸ್ಸೆಲ್ಸಿ ಪಾಸಾಗಿದ್ದರಿಂದ ಟ್ರೈನಿಂಗ್ ಮುಗಿಸಿಕೊಂಡೆ. ಎಚ್.ಡಿ. ಕೋಟೆ ತಾಲ್ಲೂಕಿನ ಕಾಡಂಚಿನ ಊರಿನಲ್ಲಿ, ಒಬ್ಬರೇ ಟೀಚರ್ ಇರುವ ಶಾಲೆಗೆ ನನ್ನನ್ನು ಹಾಕಿದರು. ಶಾಲೆಯ ಪಕ್ಕದಲ್ಲೇ ಒಂದು ಕೋಣೆ, ಅದರ ಹಿಂದೆ ಹೊಗೆ ಹೋಗಲು ದಾರಿಯಿಲ್ಲದ ಒಂದು ಅಡುಗೆ ಮೂಲೆ. ಊರಿನವರು ಹೊಲಕ್ಕೆ, ಪಕ್ಕದ ಹಾಡಿಯ ಗಿರಿಜನರು ಕಾಡಿಗೋ ಕೂಲಿಗೋ ಹೊತ್ತಿಗೆ ಮುಂಚೆ ಹೊರಟುಬಿಡುತ್ತಿದ್ದರು. ಸಂಜೆ ನಾಲ್ಕೂವರೆಗೆ ಗಂಟೆ ಹೊಡೆದರೆ ಮಾರನೆಯ ದಿನ ಹತ್ತರವರೆಗೆ ನನ್ನ ಬಾಯಿಗೆ ಕೆಲಸವಿರುತ್ತಿರಲಿಲ್ಲ. ಮೊದಲ ವರ್ಷ ಭಾನುವಾರಗಳಂದು ನನ್ನ ದನಿ ಇದೆಯೋ ಹೋಗಿದೆಯೋ ನೋಡಿಕೊಳ್ಳಲು ಮಗ್ಗಿ ಹೇಳಿಕೊಳ್ಳುತ್ತಿದ್ದೆ. ಹುಚ್ಚು ಅನ್ನಿಸಿದರೆ ಅನ್ನಿಸಲಿ, ಇದ್ದದ್ದನ್ನು ಹೇಳುತ್ತಿದ್ದೇನೆ.

ಹಾಗಾಗಿ ವರ್ಷದ ಹತ್ತು ತಿಂಗಳು ನಾನು ಆಷಾಢಕ್ಕೆ ಕಾಯುತ್ತಿದ್ದೆ. ಊರೆಲ್ಲ ಆಷಾಢವನ್ನು ಕೆಟ್ಟ ತಿಂಗಳು ಅನ್ನುತ್ತಿತ್ತು. ಮಳೆ ಹಿಡಿದರೆ ಬಿಡದ ಆ ದಿನಗಳಲ್ಲಿ ನನಗೆ ಮಾತ್ರ ಹಬ್ಬ. ಅವ್ವ ಕಂಬಳಿ, ಎಲೆಯಡಿಕೆ ಚೀಲ, ಎರಡು ಸೀರೆಯ ಗಂಟು ಹಿಡಿದು ಬಸ್ಸಿಳಿಯುವಳು. ಇಳಿದ ಕೂಡಲೇ ನನ್ನ ಅಡುಗೆ ಮೂಲೆಯನ್ನು ಬಯ್ಯುವಳು, ಆಮೇಲೆ ಸೊರಗಿದ ನನ್ನ ಕೈಕಾಲನ್ನು ಬಯ್ಯುವಳು. ಕಿಲೋ ಲೀಟರು ಬಂದು ವರ್ಷಗಳಾಗಿದ್ದರೂ ನಮ್ಮ ಒಲೆ ಮುಂದೆ ಪಾವೇ ನಡೆಯುತ್ತಿತ್ತು. ನನ್ನೊಬ್ಬಳಿಗೆ ಅರ್ಧ ಪಾವು ರಾಗಿ ಹಿಟ್ಟು ಸಾಕು. ಹಲ್ಲು ಹೋದ ಅವ್ವನಿಗೆ ಒಂದು ಪಾವಿನ ಮೂರನೇ ಒಂದು. ಎರಡೂ ಸೇರಿದರೆ ಒಂದು ಪಾವಿಗೆ ಆರನೇ ಒಂದು ಭಾಗ ಕಡಿಮೆ. ಆ ಕಡಿಮೆಯನ್ನು ಹೆಬ್ಬೆರಳಲ್ಲಿ ಒತ್ತಿ ನೋಡಿ ಅಳೆಯುವಾಗ ಆಗುತ್ತಿದ್ದ ಸಂತೋಷ ಇನ್ನೊಂದು ಯಾವುದರಲ್ಲೂ ನನಗೆ ಆಗಿಲ್ಲ.

ಅದೇ ಲೆಕ್ಕವನ್ನು ನಾಲ್ಕನೇ ತರಗತಿಯ ಮಕ್ಕಳಿಗೆ ಕಲಿಸುವುದೇ ನನ್ನ ದೊಡ್ಡ ಗೋಳಾಗಿತ್ತು. ಅರ್ಧಕ್ಕೆ ಮೂರನೇ ಒಂದನ್ನು ಕೂಡಿಸಿ ಎಂದರೆ ಇಡೀ ತರಗತಿ ಮೇಲಿನ ಒಂದಕ್ಕೆ ಒಂದು, ಕೆಳಗಿನ ಎರಡಕ್ಕೆ ಮೂರು ಸೇರಿಸಿ ಐದನೇ ಎರಡು ಎಂದು ಸ್ಲೇಟು ತೋರಿಸುತ್ತಿತ್ತು. ಒಂದು ದಿನ ಎರಡು ಅಕ್ಕಿ ರೊಟ್ಟಿ ತಟ್ಟಿಕೊಂಡು ಹೋದೆ. ಒಂದನ್ನು ಎರಡಾಗಿ, ಇನ್ನೊಂದನ್ನು ಮೂರಾಗಿ ಕೊಯ್ದು, ಒಂದೊಂದು ತುಂಡನ್ನು ಹಾಡಿಯ ಹುಡುಗಿಯೊಬ್ಬಳ ಎರಡು ಕೈಗೂ ಕೊಟ್ಟೆ.

"ಎಲ್ಡು ತುಂಡು ಟೀಚರ್" ಎಂದಳು.

"ಎರಡೂ ಒಂದೇ ಸಮ ಇದಾವೇನೇ?"

"ಇಲ್ಲ. ಇದು ದೊಡ್ದು."

"ಮತ್ತೆ ಹೇಗೆ ಎರಡು ಅಂತ ಎಣಿಸ್ತೀಯ? ಅರ್ಧ ರೊಟ್ಟಿ ನಿನ್ನ ಕೈಲಿತ್ತು, ಮೇಲೆ ಇನ್ನೊಂದು ತುಂಡು ಕೊಟ್ಟೆ. ಐದನೇ ಎರಡು ಅಂದ್ರೆ ಅರ್ಧಕ್ಕಿಂತ ಕಡಿಮೆ. ಕೊಟ್ಟ ಮೇಲೆ ಕಡಿಮೆ ಆಗುತ್ತಾ?"

ಅವಳು ಯೋಚನೆ ಮಾಡಿದಳು. ನಾನು ಎರಡೂ ತುಂಡನ್ನು ಒಂದೇ ಅಳತೆಯ ಚೂರುಗಳಾಗಿ ಕೊಯ್ದೆ. ಅರ್ಧದಲ್ಲಿ ಮೂರು, ಮೂರನೇ ಒಂದರಲ್ಲಿ ಎರಡು, ಒಟ್ಟು ಆರನೇ ಐದು. ಹುಡುಗಿಗೆ ಅರ್ಥವಾಯಿತು. ಉಳಿದವರಿಗೆ ರೊಟ್ಟಿ ಅರ್ಥವಾಯಿತು. ನನಗೆ ಮಾತ್ರ ಅವತ್ತು ಬೋರ್ಡಿನ ಮುಂದೆ ನಿಂತಾಗ ಜಗಲಿ ನೆನಪಾಯಿತು. ಕೆಳಗೆ ಬರೆಯುವ ಅಂಕಿ, ಛೇದ ಅನ್ನುತ್ತೇವಲ್ಲ, ಅದು ಕೊಯ್ಯುವವನು ಎಷ್ಟು ಜನರನ್ನು ಕಂಡು ಕೊಯ್ದ ಎನ್ನುವುದರ ಗುರುತು. ದೊಡ್ಡಣ್ಣ ಇಬ್ಬರನ್ನು ಕಂಡಿದ್ದ, ಚಿಕ್ಕಣ್ಣ ಮೂವರನ್ನು. ಈ ಎರಡು ಎಣಿಕೆ ಹೊಂದದೆ ನಡುವೆ ಬಿದ್ದುಹೋದ ಚೂರು ನನ್ನದು. ದೊಡ್ಡಣ್ಣನ ಮೇಲೆ ನನಗೆ ಸಿಟ್ಟು ಬಂದದ್ದು ಆವತ್ತು, ಭಾಗವಾಗಿ ಒಂದು ವರ್ಷ ಕಳೆದ ಮೇಲೆ.

ಮೂರನೆಯ ವರ್ಷ ಯುಗಾದಿಗೆ ಹೊಸ ಪಂಚಾಂಗ ತಿರುವಿ ಹಾಕುವಾಗ ಕಣ್ಣಿಗೆ ಬಿತ್ತು: ಆ ವರ್ಷ ಶ್ರಾವಣ ಎರಡು ಸಲ. ಮೊದಲು ಅಧಿಕ ಶ್ರಾವಣ, ಆಮೇಲೆ ನಿಜ ಶ್ರಾವಣ. ವರ್ಷಕ್ಕೆ ಹದಿಮೂರು ತಿಂಗಳು. ಆ ಹೆಚ್ಚಿನ ತಿಂಗಳು ನೇರ ನನ್ನ ಸರದಿಯ ಮಧ್ಯಕ್ಕೇ ಬಂದು ಬಿದ್ದಿತ್ತು. ಆಷಾಢದಿಂದ ಶ್ರಾವಣ ಮುಗಿಯುವವರೆಗೆ ಎಂದು ತಾನೇ ಮಾತು? ಹಾಗಾದರೆ ಅವ್ವ ಮೂರು ತಿಂಗಳು ನನ್ನ ಜೊತೆ. ಪಂಚಾಂಗವನ್ನು ಎದೆಗೊತ್ತಿಕೊಂಡು ಆ ಒಂದು ಕೋಣೆಯಲ್ಲಿ ಎಷ್ಟು ಸುತ್ತು ಹಾಕಿದೆನೋ ಲೆಕ್ಕವಿಲ್ಲ. ಯಾರಿಗೂ ಹೇಳಲಿಲ್ಲ. ಹೇಳಿದರೆ ಯಾರಾದರೂ ಪಾಲು ಕೇಳಿಯಾರು ಎಂಬ ಭಯ.

ಹೇಳದಿದ್ದರೂ ಬೇಸಾಯಗಾರನಿಗೆ ಅಮಾವಾಸ್ಯೆ ತಪ್ಪುತ್ತದೆಯೇ. ಅಧಿಕ ಶ್ರಾವಣದ ಅಮಾವಾಸ್ಯೆ ಕಳೆದ ಮಾರನೆಯ ದಿನ, ಭಾನುವಾರ ಮಧ್ಯಾಹ್ನ, ದೊಡ್ಡಣ್ಣ ಒಂದು ಕುಂಬಳಕಾಯಿ ಹೊತ್ತುಕೊಂಡು ಬಂದಿಳಿದ. ಅವ್ವ ಹಿತ್ತಲಲ್ಲಿ ಸೊಪ್ಪು ಸೋಸುತ್ತಿದ್ದಳು.

"ಅವ್ವುನ್ ಗಂಟು ಕಟ್ಟು ಮಗ. ಸಾಯಂಕಾಲುದ್ ಬಸ್ಸಿಗೆ ಓಯ್ತೀವಿ" ಎಂದ.

"ಯಾಕಣ್ಣ? ಕಳ್ದ ತಿಂಗ್ಳು ಅಧಿಕ. ಶ್ರಾವಣ ಇವತ್ತಿಂದ ತಾನೆ ಸುರು? ಗೌರಿ ತಿಂಗ್ಳಿಂದ ನಿನ್ ಸರದಿ."

"ನಿಂಗೆ ಎಲ್ಡ್ ತಿಂಗ್ಳು ಅಂತ ಅಲ್ವಾ ಮಾತು? ಎಲ್ಡ್ ಅಮಾಸೆ ಕಳೀತಲ್ಲ."

"ಅಂಗಾದ್ರೆ ಅದಿಮೂರ್ನೇ ತಿಂಗ್ಳು ಯಾರ್ದು?"

ಅವನು ತಲೆ ಕೆರೆದುಕೊಂಡ. ಜಗಳಕ್ಕೆ ಬಂದವನಲ್ಲ ಎಂದು ಮುಖ ನೋಡಿದರೇ ಗೊತ್ತಾಗುತ್ತಿತ್ತು. "ಅದೂ ಅವತ್ತಿನ್ ತರ್ವೇ ಆಗ್ಲಿ. ನಂಗೆ ಅರ್ದ, ಅವ್ನಿಗೆ ಮೂರ್ನೇ ಪಾಲು, ಉಳುದ್ದು ನಿಂಗೆ. ನೀನೇ ಲೆಕ್ಕ ಆಕು, ಟೀಚರ್ ಅಲ್ವಾ ನೀನು" ಎಂದ.

ಆ ಲೆಕ್ಕ ಹಾಕಲು ನನಗೆ ಸೀಮೆಸುಣ್ಣ ಬೇಕಾಗಿರಲಿಲ್ಲ. ಮೂವತ್ತು ದಿನದಲ್ಲಿ ಆರನೇ ಒಂದು, ಐದು ದಿನ. ಮೂರು ತಿಂಗಳೆಂದು ಯುಗಾದಿಯಿಂದ ಕುಣಿಯುತ್ತಿದ್ದವಳಿಗೆ ಐದೇ ದಿನ. ಆದರೂ ಗೂಡಿನಿಂದ ಸೀಮೆಸುಣ್ಣ ತೆಗೆದುಕೊಂಡು ನೆಲದ ಮೇಲೆ ಕೂತೆ. ಎರಡನೇ ಒಂದು ಬರೆದೆ, ಪಕ್ಕದಲ್ಲಿ ಮೂರನೇ ಒಂದು ಬರೆದೆ. ಆಮೇಲೆ ಮೇಲಿನದಕ್ಕೆ ಮೇಲಿನದು, ಕೆಳಗಿನದಕ್ಕೆ ಕೆಳಗಿನದು ಕೂಡಿದೆ. ಐದನೇ ಎರಡು. ಯಾವ ತಪ್ಪಿಗೆ ಮಕ್ಕಳ ಕೈಗೆ ಎಷ್ಟೋ ಸಲ ರೂಲುದೊಣ್ಣೆ ತಾಗಿಸಿದ್ದೆನೋ ಅದೇ ತಪ್ಪನ್ನು ಅಂದವಾಗಿ, ಗೆರೆ ಎಳೆದು, ಬರೆದೆ.

"ನಿಮ್ಮಿಬ್ರುದೂ ಸೇರಿ ಐದ್ನೇ ಎರಡು. ಉಳುದ್ದು ಐದ್ನೇ ಮೂರು. ಮೂವತ್ತು ದಿನದಲ್ಲಿ ಅದಿನೆಂಟು ದಿನ ನಂದು" ಎಂದೆ. ದನಿ ನಡುಗಲಿಲ್ಲ. ಇನ್‌ಸ್ಪೆಕ್ಟರ್ ಮುಂದೆ ಪಾಠ ಮಾಡಿ ಅಭ್ಯಾಸವಿತ್ತಲ್ಲ.

ದೊಡ್ಡಣ್ಣ ಬಗ್ಗಿ ನೆಲದ ಮೇಲಿನ ಅಂಕಿಗಳನ್ನು ಬಹಳ ಹೊತ್ತು ನೋಡಿದ. "ಆಯ್ತು. ಅದಿನೆಂಟು ದಿನ ಬುಟ್ಟು ಬತ್ತೀನಿ" ಎಂದು ಕೈ ತೊಳೆಯಲು ಎದ್ದ. ಅವ್ವ ಹಿತ್ತಲ ಬಾಗಿಲಲ್ಲಿ ಸೊಪ್ಪಿನ ಮೊರ ಹಿಡಿದು ನಿಂತಿದ್ದಳು.

ಊಟ ಮಾಡಿ ಹೊರಟವನನ್ನು ರಸ್ತೆಯವರೆಗೆ ಕಳಿಸಲು ಹೋದೆ. ಬಸ್ಸು ತಿರುವಿನಲ್ಲಿ ಕಾಣಿಸಿಕೊಂಡಾಗ ಅವನು ರಸ್ತೆಯನ್ನೇ ನೋಡುತ್ತಾ, "ಅರ್ದ ಅಂದ್ರೆ ಅದ್ನೈದು ದಿನ ಅನ್ನೋದು ನಂಗೂ ಗೊತ್ತು ಕಣವ್ವ. ನನ್ ಒಬ್ಬುಂದೇ ಅದ್ನೈದಾದ್ಮೇಲೆ ನಿಂಗೆ ಅದಿನೆಂಟು ಎಲ್ಲಿಂದ ಬತ್ತದೆ?" ಎಂದ. ನಾನು ತಲೆ ತಗ್ಗಿಸಿದೆ. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಅವನು ನನ್ನ ತಲೆಯ ಮೇಲೆ ಕೈಯಿಟ್ಟು, "ಇರ್ಲಿ ಬುಡು. ಇಟ್ಕೊ" ಎಂದು ಬಸ್ಸು ಹತ್ತಿದ.

ಅಷ್ಟು ದಿನ ಅವನ ಮೇಲೆ ಕಟ್ಟಿಟ್ಟುಕೊಂಡಿದ್ದ ಸಿಟ್ಟು ಆ ರಸ್ತೆಯಲ್ಲೇ ಕರಗಿಹೋಯಿತು. ಅದರ ಜಾಗಕ್ಕೆ ನಾಚಿಕೆ ಬಂತು. ಆದರೂ ಅವ್ವನನ್ನು ಇಟ್ಟುಕೊಂಡೆ. ನಾಚಿಕೆಯೂ ಸಂತೋಷವೂ ಒಂದೇ ಕೋಣೆಯಲ್ಲಿ ಇರಬಲ್ಲವು ಎಂದು ಆ ವಾರ ಗೊತ್ತಾಯಿತು.

ಎರಡು ದಿನ ಕಳೆದ ಮೇಲೆ ಬಾಗಿಲ ಹಿಂದಿನ ಗೋಡೆಯಲ್ಲಿ ಇದ್ದಿಲಿನ ಗೆರೆಗಳನ್ನು ಕಂಡೆ. ಅವ್ವನಿಗೆ ಅಕ್ಷರ ಬಾರದು, ಗೆರೆ ಎಳೆದು ಎಣಿಸುವುದು ಮಾತ್ರ ಬರುತ್ತಿತ್ತು. ಹಾಲಿನವಳ ಲೆಕ್ಕ, ಕೋಳಿ ಕಾವು ಕೂತ ದಿನ, ಎಲ್ಲಕ್ಕೂ ಅವಳದು ಗೆರೆಯೇ. ಮಗಳ ಮನೆಯಲ್ಲಿ ಹೆಚ್ಚಾಗಿ ಸಿಕ್ಕ ದಿನಗಳನ್ನು ಎಣಿಸಿಡುತ್ತಿದ್ದಾಳೆ ಎಂದುಕೊಂಡು ಒಳಗೊಳಗೇ ಹಿಗ್ಗಿದೆ. ಎಷ್ಟಿವೆ ಎಂದು ಎಣಿಸಲೂ ಹೋಗಲಿಲ್ಲ.

ಐದನೆಯ ದಿನ ಮಧ್ಯಾಹ್ನ, ಹಾಜರಿ ಪುಸ್ತಕ ಮರೆತುಬಂದಿದ್ದೆನೆಂದು ಶಾಲೆಯಿಂದ ಕೋಣೆಗೆ ಓಡಿಬಂದೆ. ಮಳೆ ಸಣ್ಣಗೆ ಹನಿಯುತ್ತಿತ್ತು. ಅವ್ವ ಬಾಗಿಲ ಹಿಂದೆ ನಿಂತು, ಬೆರಳಿಗೆ ಎಂಜಲು ಹಚ್ಚಿಕೊಂಡು, ಒಂದು ಗೆರೆಯನ್ನು ತಿಕ್ಕಿ ತಿಕ್ಕಿ ಅಳಿಸುತ್ತಿದ್ದಳು. ನಾನು ಬಂದದ್ದು ಅವಳಿಗೆ ಗೊತ್ತಾಗಲಿಲ್ಲ. ಉಳಿದ ಗೆರೆಗಳನ್ನು ಎಣಿಸಿದೆ. ಹದಿಮೂರು. ದೊಡ್ಡಣ್ಣ ಹೋದ ದಿನ ಹದಿನೆಂಟು ಎಳೆದು, ದಿನಕ್ಕೊಂದು ಅಳಿಸುತ್ತಾ ಬಂದಿದ್ದಳು. ನಾನು ಕೂಡುತ್ತಿದ್ದೆ, ಅವ್ವ ಕಳೆಯುತ್ತಿದ್ದಳು.

"ಏನವ್ವ ಅದು?" ಎಂದೆ.

ಕಳ್ಳತನದಲ್ಲಿ ಸಿಕ್ಕಿಬಿದ್ದವಳ ಹಾಗೆ ಬೆರಳನ್ನು ಸೆರಗಿಗೆ ಒರೆಸಿಕೊಂಡಳು. "ಏನಿಲ್ಲ ಕಣವ್ವ. ಇನ್ನೆಷ್ಟ್ ದಿನ ಅಂತ ಸುಮ್ಕೆ ನೋಡ್ದೆ."

"ಇಲ್ಲಿ ಬೇಜಾರಾ?"

"ನೀನ್ ಇಸ್ಕೂಲ್ಗೆ ಓದ್ಮೇಲೆ ಈ ಬಾಗ್ಲು ನೋಡ್ಕಂಡ್ ಕೂತಿರ್ತೀನಿ. ಒಂದ್ ನರಪಿಳ್ಳೆ ಸುಳಿಯಾಕಿಲ್ಲ. ಅಲ್ಲಾದ್ರೆ ಮಕ್ಳವೆ, ದನ ಅವೆ. ಇನ್ನೇನಿಲ್ದಿದ್ರೆ ಬೈಯಕ್ಕಾದ್ರೂ ನಿಮ್ಮತ್ಗೆ ಅವ್ಳೆ" ಎಂದು ನಕ್ಕಳು. ನನಗೆ ನೋವಾಗದಿರಲಿ ಎಂದೇ ನಕ್ಕಿದ್ದು.

ಯಾವ ಒಂಟಿತನಕ್ಕೆ ಹೆದರಿ ನಾನು ಸುಳ್ಳು ಲೆಕ್ಕ ಬರೆದೆನೋ ಆ ಒಂಟಿತನವನ್ನು ಹತ್ತರಿಂದ ನಾಲ್ಕೂವರೆವರೆಗೆ ಅವ್ವನ ಕೈಗೆ ಕೊಟ್ಟು ಶಾಲೆಗೆ ಹೋಗುತ್ತಿದ್ದೆ. ಅಲ್ಲಿ ನನಗೆ ಮೂವತ್ತು ಮಕ್ಕಳ ಗಲಾಟೆ, ಇಲ್ಲಿ ಅವಳಿಗೆ ಹನಿಯುವ ಸೂರು. ಎರಡೂವರೆ ವರ್ಷ ಇದು ನನ್ನ ತಲೆಗೆ ಬಂದಿರಲಿಲ್ಲ. ನಿಂತಲ್ಲೇ ಅತ್ತುಬಿಟ್ಟೆ. ಹಾಜರಿ ಪುಸ್ತಕ ಎತ್ತಿಕೊಂಡು, ಮುಖ ಒರೆಸಿಕೊಂಡು, ವಾಪಸು ಹೋಗಿ ಹೆಸರು ಕರೆದೆ.

ಮಾರನೆಯ ದಿನ ಶನಿವಾರ, ಬೆಳಗಿನ ಶಾಲೆ. ಮುಗಿಸಿ ಬಂದು ಅವ್ವನ ಗಂಟು ಕಟ್ಟಿದೆ. ನನ್ನ ಪಾಲಿನ ಐದು ದಿನ ಮುಗಿದಿತ್ತು, ಅದರ ಮೇಲೆ ನನಗೆ ಹಕ್ಕಿರಲಿಲ್ಲ. ಅವ್ವ "ಯಾಕವ್ವ, ಇನ್ನೂ ಐತಲ್ಲ" ಎಂದು ಒಂದು ಸಲ ಅಂದಳು, ಎರಡನೆಯ ಸಲ ಅನ್ನಲಿಲ್ಲ. ಕಂಬಳಿ ಮಡಚುವ ಅವಳ ಕೈ ಚುರುಕಾದದ್ದನ್ನು ನೋಡಿಯೂ ನೋಡದವಳಂತೆ ಇದ್ದೆ.

ಹುಣಸೂರಿನ ಬಸ್‌ಸ್ಟ್ಯಾಂಡಿನಲ್ಲಿ ನಮ್ಮೂರಿನ ಕಡೆಯ ಬಸ್ಸು ಹೊರಡಲು ನಿಂತಿತ್ತು. ಊರಿನ ಹೆಂಗಸೊಬ್ಬರು ಅದರಲ್ಲಿದ್ದರು, ಜೋಪಾನವಾಗಿ ಮನೆ ಮುಟ್ಟಿಸುತ್ತೇನೆ ಎಂದರು. ಅವ್ವನನ್ನು ಕಿಟಕಿಯ ಪಕ್ಕ ಕೂರಿಸಿ, ಗಂಟನ್ನು ಕಾಲ ಬುಡಕ್ಕಿಟ್ಟು, ಇಳಿದು ಬಂದು ಕಿಟಕಿಯ ಕೆಳಗೆ ನಿಂತೆ. ಅವ್ವ ಆಗಲೇ ಆ ಹೆಂಗಸಿನ ಜೊತೆ ಮೊಮ್ಮಕ್ಕಳ ಸುದ್ದಿ ಶುರು ಮಾಡಿದ್ದಳು. ಡ್ರೈವರ್ ಎಂಜಿನ್ ಚಾಲೂ ಮಾಡಿದ ಮೇಲೆ ನನ್ನ ಕಡೆ ತಿರುಗಿದಳು. ಕಿಟಕಿಯ ಸರಳಿನ ಸಂದಿಯಿಂದ ಕೈ ಹೊರಗೆ ಹಾಕಿ ನನ್ನ ಗಲ್ಲ ಹಿಡಿದಳು.

"ನಂಗೇನ್ ಕಣವ್ವ, ಮೂರ್ ಮನೆ ಅವೆ. ಅರ್ದ ಅವ್ನು, ಮೂರ್ನೇ ಪಾಲು ಇವ್ನು, ಉಳುದ್ದು ನೀನು ಅಂತ ಕಿತ್ತಾಡ್ಕಂಡು ಅಂಚ್ಕೊಂಡ್ರಿ. ನಿನ್ನ ಯಾರೂ ಪಾಲು ಕೇಳ್ನಿಲ್ವಲ್ಲ ಮಗ. ನೀನ್ ಯಾವ್ ತಿಂಗ್ಳು ಯಾರ್ ಮನೇಲಿರ್ತೀಯ ಅಂತ ಅವತ್ತು ಒಬ್ರಾದ್ರೂ ಕೇಳುದ್ರಾ?"

ಬಸ್ಸು ಹೊರಟಿತು. ಅವಳ ಕೈ ಜಾರಿತು. ಯಾರೂ ಕೇಳಿರಲಿಲ್ಲ, ನಿಜ. ಅವತ್ತು ಅವ್ವನೂ ಕೇಳಿರಲಿಲ್ಲ.